ಗೋಡೆಗೆ ಹೊದಿಸಿದ ಕಂಬಳಿ

ರಾಯದುರ್ಗದ ಬಳಿಯ ನೇಮಕಲ್ಲಿನಲ್ಲಿ ಇನ್ನೂ ಬೆಳಕು ಹರಿದಿಲ್ಲ. ಜನವರಿಯ ಚಳಿ. ಊರಾಚೆಯ ಬಯಲಿನಿಂದ ಒನಕೆಯ ಸದ್ದು ಬರುತ್ತಿದೆ. ಐವತ್ತೆಂಟರ ಉಜ್ಜಿನಮ್ಮ ಸೆರಗು ಬಿಗಿಯಾಗಿ ಹೊದ್ದು, ಕಲ್ಲಿನ ದೋಣಿಯಲ್ಲಿ ಸುಣ್ಣದ ಗಾರೆ ಕುಟ್ಟುತ್ತಿದ್ದಾರೆ. ಕಣ್ಣು ಮುಚ್ಚಿವೆ. ನಿದ್ದೆಯಲ್ಲೇ ಕೈ ಆಡಿಸುತ್ತಿದ್ದಾರೇನೋ ಎಂದುಕೊಂಡು, ಅವರನ್ನು ಕಾಣಲು ಬಂದ ನಾನು ಮೆಲ್ಲಗೆ ಕೆಮ್ಮಿದರೆ, ಕಣ್ಣು ತೆರೆಯದೆಯೇ ಗದರುತ್ತಾರೆ. "ಸುಮ್ಕಿರ್ರಿ ಸರ, ಸದ್ದು ಕೇಳ್ಬೇಕು."

ಹದವಾಗದ ಗಾರೆ ಒನಕೆಗೆ ಚಪ್ ಚಪ್ ಎನ್ನುತ್ತದಂತೆ. ಗಾರೆ ಬೆಲ್ಲದ ನೀರು, ಅಳಲೆಕಾಯಿ ನೆನೆಸಿದ ನೀರು ಕುಡಿಯುತ್ತ ಹೋದ ಹಾಗೆ ಸದ್ದು ಇಳಿಯುತ್ತದೆ. ಬೆಣ್ಣೆಯಂತಾದ ಮೇಲೆ ಒನಕೆ ಬಿದ್ದದ್ದೇ ಕೇಳಿಸುವುದಿಲ್ಲ. ದಿನಕ್ಕೆ ಎರಡು ಸಾವಿರ ಪೆಟ್ಟು, ಆರು ಬಾಂಡ್ಲಿ ಗಾರೆ. ಮಿಕ್ಸರ್ ಯಂತ್ರ ತರಬಾರದೇ ಎಂದು ಕೇಳಿದೆ. "ಅದು ಒಂದೇ ಸಮ ಒದರ್ತತಿ. ಗಾರಿ ಏನ್ ಹೇಳ್ತತಿ ಅಂಬೋದು ನನಗೆಂಗ ಕೇಳಬೇಕ್ರಿ?" ಎಂದು ನಕ್ಕರು.

ಈ ಕೈ ಕುಟ್ಟಿದ ಗಾರೆ ದೆಹಲಿಯಲ್ಲಿದೆ. ಹಳೆಯ ಸಂಸತ್ ಭವನದ ಒಳಗೋಡೆಯ ಒಂದು ಭಾಗದಲ್ಲಿ, ಸುಮಾರು ಒಂದು ಬಾಗಿಲಿನಷ್ಟು ಅಗಲದಲ್ಲಿ. ಊರಿನಲ್ಲಿ ಇದನ್ನು ನಂಬುವವರು ಕಡಿಮೆ. ಉಜ್ಜಿನಮ್ಮನಿಗೂ ಕೆಲವು ಸಲ ಅದು ಕನಸೇನೋ ಅನ್ನಿಸುತ್ತದೆ.

ಹುಟ್ಟಿದ್ದು ಕುರಿ ಸಾಕುವವರ ಮನೆಯಲ್ಲಿ, ಸೇರಿದ್ದು ಸುಣ್ಣ ಸುಡುವವರ ಮನೆ. ಸಿಮೆಂಟು ಬಂದು ಮನೆಯ ಸುಣ್ಣದ ಗೂಡು ಆರಿತು. ಇಪ್ಪತ್ತು ವರ್ಷ ಕಡಲೆಕಾಯಿ ಹೊಲದಲ್ಲಿ ಕಳೆ ಕಿತ್ತರು. ಆಮೇಲೆ ರಾಯದುರ್ಗದ ಬೆಟ್ಟದ ಹಳೇ ಮಂಟಪವೊಂದನ್ನು ದುರಸ್ತಿ ಮಾಡಲು ಬಂದ ತಂಡಕ್ಕೆ ಗಾರೆ ಕುಟ್ಟುವವರು ಬೇಕಾದರು. ತಂಡದ ಎಂಜಿನಿಯರ್, ಬಳ್ಳಾರಿಯ ಶಶಿಧರ್, ಇವರ ಗಾರೆಯನ್ನು ಬೆರಳಿಗೆ ಹಚ್ಚಿ ನೋಡಿದವರು ಮತ್ತೆ ಬಿಡಲಿಲ್ಲ. ಎರಡು ವರ್ಷದ ಹಿಂದಿನ ಜನವರಿಯಲ್ಲಿ ದೆಹಲಿಗೂ ಕರೆದೊಯ್ದರು.

೧೯೨೭ರಲ್ಲಿ ತೆರೆದ ಕಟ್ಟಡ ಅದು. ನಮ್ಮ ಸಂವಿಧಾನ ರೂಪುಗೊಂಡದ್ದು ಅದರ ನಡುಮನೆಯಲ್ಲಿ. ಸಂಸತ್ತು ಪಕ್ಕದ ಹೊಸ ಮನೆಗೆ ಹೋದ ಮೇಲೆ ಅದಕ್ಕೆ ಸಂವಿಧಾನ ಸದನವೆಂದು ಹೆಸರು. ಉಜ್ಜಿನಮ್ಮನಿಗೆ ನೆನಪಿರುವುದು ಮಾತ್ರ ಮಂಜು. "ದುಂಡಗ ಐತ್ರಿ ಅದು. ಕಂಬ ಎಣಿಸ್ಕೊಂತ ಹೊಂಟೆ. ಮುಂದಿನ ಕಂಬ ಮಂಜಿನ್ಯಾಗ ಹುಟ್ಟೋದು, ಹಿಂದಿಂದು ಕರಗೋದು. ನಡದೇ ನಡದೆ, ಕೊನಿಗೆ ನನ್ನ ಬುತ್ತಿ ಗಂಟೇ ಎದುರಿಗೆ ಬಂತು!" ಕಂಬಗಳು ನೂರ ನಲವತ್ನಾಲ್ಕು. ಇವರ ಲೆಕ್ಕಕ್ಕೆ ಒಂದು ದಿನವೂ ಅಷ್ಟು ಸಿಗಲಿಲ್ಲ.

ಅಲ್ಲೇ ಒಂದು ತಪ್ಪಾಯಿತು. ರಾಯದುರ್ಗದ ಸೀಮೆಯಲ್ಲಿ ಬಳಿದ ಗಾರೆ ಬಿಸಿಲಿಗೆ ಬಿರಿಯದಿರಲಿ ಎಂದು ವಾರಗಟ್ಟಲೆ ಒದ್ದೆ ಗೋಣಿತಟ್ಟು ಹೊದಿಸುತ್ತಾರೆ. ಕೈಗೆ ಹತ್ತಿದ ಅಭ್ಯಾಸ. ದೆಹಲಿಯ ಕೊರೆಯುವ ಚಳಿಯಲ್ಲೂ ಉಜ್ಜಿನಮ್ಮ ಒದ್ದೆ ಗೋಣಿಯನ್ನೇ ಹೊದಿಸಿಬಿಟ್ಟರು. ಆ ಚಳಿಗೆ ಗಾರೆ ಆರಲೇ ಇಲ್ಲ; ಮೂರನೆಯ ದಿನ ಒತ್ತಿದರೆ ಹೆಬ್ಬೆರಳು ಒಳಕ್ಕೆ ಹೋಯಿತು. ನೋಡನೋಡುತ್ತ ಕೆಳಗಿನ ಅರ್ಧ ಜಾರಿ ನೆಲಕ್ಕೆ ಬಿತ್ತು. "ನಮ್ಮೂರ ಬಿಸ್ಲು ನನ್ನ ಹಿಂದೇ ಬಂದೈತಿ ಅಂತ ತಿಳ್ಕಂಡಿದ್ದೆ ನೋಡ್ರಿ. ಅಷ್ಟು ಮಂದಿ ಮುಂದ ಅತ್ತುಬಿಟ್ಟೆ."

ಶಶಿಧರ್ ಇನ್ನೊಂದು ವಾರ ಕೊಟ್ಟರು. ಮತ್ತೆ ಕುಟ್ಟಿದರು, ಮತ್ತೆ ಬಳಿದರು. ಈ ಸಲ ಗೋಡೆಗೆ ಚಳಿಗಾಳಿ ತಾಗದಂತೆ ತಾವು ಹೊದ್ದಿದ್ದ ಕರಿ ಕಂಬಳಿಯನ್ನು ಬಿಚ್ಚಿ ಅದರ ಮುಂದೆ ಇಳಿಬಿಟ್ಟರು. ತಂದೆ ತಮ್ಮ ಕುರಿಗಳ ಉಣ್ಣೆಯಿಂದಲೇ ಮಾಡಿಸಿ, ಮದುವೆಯಲ್ಲಿ ಕೊಟ್ಟ ಕಂಬಳಿ ಅದು. ವಾರದ ಕೊನೆಗೆ ಬೆರಳ ಗೆಣ್ಣಿನಿಂದ ತಟ್ಟಿದಾಗ ಗೋಡೆ ಗಟ್ಟಿಯಾಗಿ ಮಾತಾಡಿತು. ರೈಲಿನ ಗಡಿಬಿಡಿಯಲ್ಲಿ ಕಂಬಳಿ ಮಾತ್ರ ಅಲ್ಲೇ ಉಳಿಯಿತು.

ನಾನು ನೇಮಕಲ್ಲಿಗೆ ಹೋದ ದಿನವೇ ದೆಹಲಿಯಲ್ಲಿ ಆ ಗೋಡೆಯ ಪರೀಕ್ಷೆ. ಎರಡು ಚಳಿಗಾಲ ದಾಟಿದ ಗಾರೆ ಬಿರುಕು ಬಿಟ್ಟಿದ್ದರೆ ಕೆರೆದು ತೆಗೆಯುತ್ತಾರೆ, ಉಳಿದ ಗೋಡೆಯನ್ನು ಯಂತ್ರದ ಗಾರೆಗೆ ಒಪ್ಪಿಸುತ್ತಾರೆ. ಫೋಟೊ ಕಳಿಸುವೆನೆಂದು ಶಶಿಧರ್ ಹೇಳಿದ್ದಾರೆ. ಏನು ಆಸೆ ಎಂದು ಕೇಳಿದೆ. "ಗ್ವಾಡಿ ನಿಂತಿರಬೇಕ್ರಿ. ಹಂಗೇ ನಮ್ಮಪ್ಪನ ಕಂಬ್ಳಿ ಒಂದು ತಿರುಗಿ ಬಂದ್ರ ಸಾಕು. ಎಂಥಾ ಚಳಿ ನೋಡ್ರಿ." ಇದನ್ನು ಹೇಳುವಾಗ ಅವರು ಕುಟ್ಟುವುದನ್ನು ನಿಲ್ಲಿಸಿದ್ದರು.

ಹನ್ನೊಂದು ಗಂಟೆಗೆ ಸೊಸೆ ಸಂಧ್ಯಾ ಫೋನು ಹಿಡಿದು ಓಡಿ ಬಂದಳು. ಪರದೆಯ ತುಂಬ ಉದ್ದಕ್ಕೂ ಬಿಳಿ ಗೋಡೆ. "ನಿಮ್ಮದು ಯಾವುದು, ತೋರಿಸ್ರಿ ನೋಡಾಣ," ಎಂದು ಶಶಿಧರ್ ಬರೆದಿದ್ದಾರೆ. ಉಜ್ಜಿನಮ್ಮ ಫೋನನ್ನು ಮುಖಕ್ಕೆ ಹತ್ತಿರ ತಂದರು, ದೂರ ಹಿಡಿದರು. ಬೆರಳು ಗೋಡೆಯ ಮೇಲೆ ಆ ತುದಿಯಿಂದ ಈ ತುದಿಗೆ ಹೋಯಿತು, ಮತ್ತೆ ಹಿಂದಕ್ಕೆ ಬಂತು.

"ಗೊತ್ತಾಗವಲ್ದವ್ವಾ," ಎಂದರು. ಮುಖದ ತುಂಬ ನಗು. ಎಲ್ಲೂ ಬಿರುಕಿಲ್ಲ, ಹೊಸದು ಹಳೆಯದೆಂಬ ಗೆರೆಯಿಲ್ಲ.

ಅಷ್ಟರಲ್ಲಿ ಸಂಧ್ಯಾ ಚಿತ್ರದ ಅಂಚನ್ನು ಎಳೆದು ದೊಡ್ಡದು ಮಾಡಿದಳು. ಅಲ್ಲಿ ಗೋಡೆಯ ಮುಂದೆ ಕರ್ರಗಿನದೊಂದು ಇಳಿಬಿದ್ದಿದೆ. ಕೆಳಗೆ ಶಶಿಧರ್ ಇನ್ನೊಂದು ಸಾಲು ಬರೆದಿದ್ದಾರೆ: ಬೆಳಿಗ್ಗೆಯೇ ಗೋಡೆ ಪರೀಕ್ಷೆ ಗೆದ್ದಿತು, ಮುಂದಿನ ತುಂಡಿಗೆ ಈಗಷ್ಟೇ ಕೈಯಿಂದ ಕುಟ್ಟಿದ ಗಾರೆ ಬಳಿದಿದ್ದೇವೆ, ನೀವು ಬಿಟ್ಟುಹೋದ ಕಂಬಳಿಯನ್ನೇ ನಿಮ್ಮ ಹಾಗೇ ಕಟ್ಟಿದ್ದೇವೆ.

"ಅತ್ತಿ, ನಿಮ್ಮ ಕಂಬ್ಳಿ! ಕಳಿಸ್ರಿ ಅಂತ ಬರೀಲೇನು?"

ಉಜ್ಜಿನಮ್ಮ ಸೆರಗನ್ನು ಇನ್ನೊಂದು ಸುತ್ತು ಬಿಗಿದುಕೊಂಡು ಒನಕೆ ಎತ್ತಿದರು.

"ಬ್ಯಾಡ ಬಿಡು. ಗ್ವಾಡಿ ಇನ್ನಾ ಹಸೀದೈತಿ. ಅದಕ್ಕ ಚಳಿ ಆಗ್ತತಿ."