ಮುಳ್ಳು ಚುಚ್ಚಿದ ಹೆಂಡಿ

ಪಕ್ಕದ ಮನೆಯ ದೊಡ್ಡವ್ವನ ಬಲಗೈ ಹೆಬ್ಬೆರಳಿನ ಉಗುರು ಸದಾ ಹಸಿರುಗಪ್ಪು. ಸಗಣಿಗೆ ನಮ್ಮ ಕಡೆ ಹೆಂಡಿ ಅನ್ನುತ್ತಾರೆ; ಎಷ್ಟು ತಿಕ್ಕಿದರೂ ಅದರ ಬಣ್ಣ ಹೋಗುತ್ತಿರಲಿಲ್ಲ. ಗ್ಯಾಸ್ ಬಂದ ಮೇಲೂ ಸಂತೆಕಲ್ಲೂರಿನ ನಮ್ಮ ಓಣಿಯಲ್ಲಿ ಸ್ನಾನದ ನೀರು ಕಾಯಿಸಲು ಹೆಂಡಿ ತಟ್ಟಿ ಒಣಗಿಸಿದ ಕುಳ್ಳೇ ಬೇಕು. ದನ ಹೋದ ದಾರಿಯ ಹೆಂಡಿಯೆಲ್ಲ ತನ್ನದೇ ಎಂದು ಆಕೆಯ ಲೆಕ್ಕ. ಕೈಯಲ್ಲಿ ಬುಟ್ಟಿ ಇಲ್ಲದಾಗ ಕಂಡ ಹೆಂಡಿಗೆ ಒಂದು ಜಾಲಿಮುಳ್ಳು ಚುಚ್ಚಿ ಹೋಗುತ್ತಿದ್ದಳು. ಮುಳ್ಳಿದ್ದ ಹೆಂಡಿಯನ್ನು ಇನ್ನೊಬ್ಬರು ಮುಟ್ಟಬಾರದು, ಅದು ಓಣಿಯ ಕಾಯ್ದೆ.

ನಾನು ಮುಕ್ಕುಂದದಿಂದ ಮದುವೆಯಾಗಿ ಬಂದ ವರ್ಷದ ಮುಂಗಾರು. ನಮ್ಮ ಬಾಗಿಲ ಮುಂದೆ ಬೆಳಿಗ್ಗೆ ಚುಚ್ಚಿಟ್ಟ ಮುಳ್ಳನ್ನು ಹುಡುಕಿಕೊಂಡು ಆಕೆ ಸಂಜೆ ಬಂದಳು. ಮುಳ್ಳು ಒಣ ಹೊಟ್ಟಿನ ಮೇಲೆ ಬಿದ್ದಿತ್ತು, ಹೆಂಡಿ ಇರಲಿಲ್ಲ.

“ನೀರಾವರಿ ಊರಿಂದ ಬಂದಾಕಿ ಹೆಂಡಿನೂ ಬಿಟ್ಟಿಲ್ಲ ನೋಡ್ರವ್ವ. ಕಳ್ಳಿ,” ಎಂದು ಓಣಿಗೆಲ್ಲ ಕೇಳುವಂತೆ ಅಂದಳು.

ಮೈ ಉರಿದುಹೋಯಿತು. ನಮ್ಮತ್ತೆ ಬಂದು ನನ್ನ ಬುಟ್ಟಿಯಲ್ಲಿ ಇಣುಕಿದಳು. ಅದು ಇನ್ನೂ ನೋಯುತ್ತದೆ.

ಮರುದಿನ ನಮ್ಮ ಎಮ್ಮೆ ಹಾಕಿದ ಹೆಂಡಿಯ ಎದುರು ಕೂತೇಬಿಟ್ಟೆ. ವಾಸನೆ ಹಿಡಿದು ಕರಿ ಹುಳುಗಳು ಗುಂಯ್ ಎಂದು ಹಾರಿಬಂದವು. ಕೆಲವು ಉಂಡೆ ಕಟ್ಟಿ, ತಲೆ ಕೆಳಗೆ ಮಾಡಿ, ಹಿಂಗಾಲಿನಿಂದ ಉರುಳಿಸಿಕೊಂಡು ಹೋದವು. ಉಳಿದವು ಅಲ್ಲೇ ಅಡಿಯಲ್ಲಿ ಬಿಲ ತೋಡಿ ಒಳಗೆಳೆದುಕೊಂಡವು. ಸಂಜೆಗೆ ಮೇಲೆ ಉಳಿದದ್ದು ಬರೀ ಹೊಟ್ಟು.

“ದೊಡ್ಡವ್ವ, ಕಳ್ಳರು ಸಿಕ್ಕಾರ, ಬಂದು ನೋಡ್ರಿ,” ಎಂದೆ.

“ಹುಳ ಹೆಂಡಿ ಒಯ್ತಾವೇನು? ಯಾರಿಗೆ ಹೇಳ್ತಿ?”

ಆಕೆಯ ಮುಳ್ಳು ಬಿದ್ದಿದ್ದ ಜಾಗವನ್ನೇ ಕುರುಪಿಯಿಂದ ಅಗೆದೆ. ಗೇಣು ಆಳದಲ್ಲಿ ಹೆಂಡಿಯ ಉಂಡೆಗಳಿದ್ದವು. ಒಂದನ್ನು ಒಡೆದು ಒಳಗಿನ ಬಿಳಿ ತತ್ತಿಯನ್ನೂ ತೋರಿಸಿದೆ. ಮರಿ ಹೊರಬಂದರೆ ಆ ಉಂಡೆಯೇ ಅದಕ್ಕೆ ಬುತ್ತಿ. ಓಣಿಯವರೆಲ್ಲ ಬಗ್ಗಿ ನೋಡಿದರು. ಈಗಲಾದರೂ ತಪ್ಪಾಯಿತು ಅನ್ನುತ್ತಾಳೆ ಎಂದು ಕಾದೆ. ದೊಡ್ಡವ್ವ ಉಂಡೆಗಳನ್ನು ಒಂದೊಂದಾಗಿ ಎತ್ತಿ ತನ್ನ ಬುಟ್ಟಿಗೆ ಹಾಕಿಕೊಂಡಳು.

“ಮುಳ್ಳು ನಂದು. ಹೆಂಡಿನೂ ನಂದು,” ಎಂದು ಹೋದಳು.

ಅಂಥ ಹೆಂಗಸು. ಆದರೂ ಸುಳ್ಳು ಹೇಳಲಾರೆ, ಆಕೆ ಬಯ್ಯದಿದ್ದರೆ ನಾನು ಆ ಹುಳುಗಳ ಕಡೆ ತಿರುಗಿಯೂ ನೋಡುತ್ತಿರಲಿಲ್ಲ. ಅಂದಿನಿಂದ ಹೊಲದಲ್ಲಿ ಬಿದ್ದ ಹೆಂಡಿಯನ್ನು ನಾನು ಎತ್ತುವುದಿಲ್ಲ. ಗೊಬ್ಬರವನ್ನು ಹುಳುಗಳೇ ಮಣ್ಣಿಗಿಳಿಸುತ್ತವೆ. ಅವುಗಳ ಬಿಲದಲ್ಲಿ ಮಳೆನೀರು ಇಂಗುತ್ತದೆ, ಎಮ್ಮೆಗೆ ನೊಣದ ಕಾಟವೂ ಕಡಿಮೆ. ಜೋಳದ ತೆನೆ ನೋಡಿದಾಗೆಲ್ಲ ಆಕೆಯ ಋಣ ನೆನಪಾಗುತ್ತದೆ, ಸಿಟ್ಟೂ ಬರುತ್ತದೆ.

ಹೋದ ವರ್ಷ ಆಕೆ ಹಾಸಿಗೆ ಹಿಡಿದಾಗ ಅಂಬಲಿ ಒಯ್ದೆ. ಆ ಒಂದು ಮಾತನ್ನು ವಾಪಸ್ ತೆಗೆದುಕೊಳ್ಳಲಿ ಎಂಬ ಆಸೆ ನನಗೆ. ಆಕೆ ಕಣ್ಣು ತೆರೆದು ನನ್ನನ್ನು ನೋಡಿ, ಸೊಸೆಗೆ ಹೇಳಿದಳು: “ಬುಟ್ಟಿ ಒಳಗಿಡಬೇ, ಕಳ್ಳಿ ಬಂದಾಳ.” ಅಂಬಲಿ ಮಾತ್ರ ಪೂರ್ತಿ ಕುಡಿದಳು.

ಅದೇ ವಾರ ಹೋದಳು. ಮಣ್ಣು ಮಾಡುವಾಗ ನನಗೆ ಅಳು ಬರಲಿಲ್ಲ. ಈಗ ಆಕೆಯ ಬಾಗಿಲ ಮುಂದೆ ಹೆಂಡಿ ಬಿದ್ದಿರುತ್ತದೆ, ಮುಳ್ಳು ಚುಚ್ಚುವವರಿಲ್ಲ. ನಾನಂತೂ ಮುಟ್ಟುವುದಿಲ್ಲ. ಹುಳು ಒಯ್ಯಲಿ.