ಮೇಲ್ಮನೆ ಅಕ್ಕನಿಗೆ ಬಂದ ಪದಕ

ಬಂದರಿನಲ್ಲಿ ಅವಳನ್ನು ಹೆಸರು ಹಿಡಿದು ಕರೆಯುವವರೇ ಇರಲಿಲ್ಲ. ದೊಡ್ಡ ಕ್ರೇನಿನ ತುದಿಯಲ್ಲಿ, ಗಾಜಿನ ಪೆಟ್ಟಿಗೆಯಂಥ ಕ್ಯಾಬಿನ್ನಿನಲ್ಲಿ ಕೂತು ಹಡಗುಗಳ ಸರಕು ಎತ್ತಿ ಇಳಿಸುವವಳಿಗೆ ಹಮಾಲರು ‘ಮೇಲ್ಮನೆ ಅಕ್ಕ’ ಎಂದು ಹೆಸರಿಟ್ಟುಬಿಟ್ಟಿದ್ದರು. ಊಟದ ಹೊತ್ತಿಗೆ ಅವರು, “ಏನಕ್ಕಾ, ಮೇಲ್ಮನೆ ಕಲಾಪ ಮುಗೀತಾ?” ಎಂದು ಕೂಗಿದರೆ, “ಮುಗೀತಪ್ಪ, ಕೆಳಮನೆಯವರ ಗಲಾಟೆ ಮಾತ್ರ ಮುಗಿಯೋದೇ ಇಲ್ಲ” ಎಂದು ಏಣಿ ಇಳಿಯುತ್ತಲೇ ಉತ್ತರ ಕೊಡುತ್ತಿದ್ದಳು.

ಮೊದಲು ಅವಳು ತೂಕದ ಕಟ್ಟೆಯಲ್ಲಿ ಚೀಟಿ ಹರಿಯುತ್ತಿದ್ದವಳು. ಕ್ರೇನ್ ಕಲಿಯುವವರು ಬೇಕು ಎಂದಾಗ ಕೈ ಎತ್ತಿದ ಒಬ್ಬಳೇ ಹೆಂಗಸು. ಗಂಡ ಟೈಲರ್, ಹೊಲಿಗೆ ಯಂತ್ರದಿಂದ ತಲೆ ಎತ್ತದೆಯೇ, “ಎತ್ತರ ನಿಂಗೆ ಹೊಸದಾ? ಮದುವೆಯಾದಾಗಿನಿಂದ ನನ್ನ ತಲೆ ಮೇಲೇ ಕೂತಿದ್ದೀಯಲ್ಲ” ಎಂದ. ಅಮ್ಮ ಮಾತ್ರ ಮುಖ ಊದಿಸಿಕೊಂಡಳು. ಮಹಡಿಯ ಮೆಟ್ಟಿಲು ಹತ್ತಿದರೂ ತಲೆ ತಿರುಗುವ ಜೀವ ಅದು. ಬೀದಿಯವರು ಕೇಳಿದರೆ, “ಮಗಳು ಬಂದರಿನ ಆಫೀಸಲ್ಲಿದ್ದಾಳೆ” ಎಂದು ಮಾತು ತೇಲಿಸಿಬಿಡುತ್ತಿದ್ದಳು.

ಒಂದು ಬೆಳಗ್ಗೆ ಪ್ರಯಾಣಿಕರ ಹಡಗೊಂದು ದಕ್ಕೆಗೆ ಬಂದು ನಿಂತಿತ್ತಷ್ಟೆ, ಅದರ ಎಂಜಿನ್ ಕೋಣೆಗೆ ಬೆಂಕಿ ಹತ್ತಿತು. ಜನ ಇಳಿಯುವ ಮಗ್ಗುಲನ್ನೇ ಬೆಂಕಿ ಮೊದಲು ನುಂಗಿತು. ಹೆಂಗಸರು, ಮಕ್ಕಳು, ಮುದುಕರೆಲ್ಲ ಹಡಗಿನ ಹಿಂಬದಿಗೆ ಓಡಿ, ಕಂಬಿ ಹಿಡಿದು ಬಾಯಿ ಬಾಯಿ ಬಡಿದುಕೊಳ್ಳತೊಡಗಿದರು. ಕೆಳಗೆ ನೀರಿಗೆ ಹಾರೋಣವೆಂದರೆ ಅಲೆ ತಡೆಯಲು ಸುರಿದ ಬಂಡೆಗಲ್ಲು.

ಮೇಲಿನಿಂದ ಅವಳಿಗೆ ಎಲ್ಲವೂ ಅಂಗೈ ಮೇಲೆ ಇಟ್ಟಂತೆ ಕಾಣುತ್ತಿತ್ತು. ಕ್ರೇನಿನ ಕೊಕ್ಕೆಯಲ್ಲಿ ಸಿಮೆಂಟ್ ಮೂಟೆ ಎತ್ತುವ ಕಬ್ಬಿಣದ ಪಂಜರ ಖಾಲಿ ನೇತಾಡುತ್ತಿತ್ತು. ಅವಳು ವಾಕಿಟಾಕಿ ಎತ್ತಿಕೊಂಡು ಕೆಳಗೆ ದಕ್ಕೆಯ ಮೇಲಿದ್ದ ಮೇಸ್ತ್ರಿಯನ್ನು ಕರೆದಳು.

“ಮೇಸ್ತ್ರಿ, ಪಂಜರ ಆ ಕಡೆ ಬಿಡ್ತೀನಿ.”

“ಏ, ಅದರಲ್ಲಿ ಮನುಷ್ಯರನ್ನ ಎತ್ತೋ ಹಾಗಿಲ್ಲಮ್ಮ! ಇಬ್ಬರ ಕೆಲಸಾನೂ ಹೋಗುತ್ತೆ!”

“ಹೋಗ್ಲಿ. ಅಲ್ಲಿ ಮಕ್ಕಳಿದಾವೆ.”

ಮೇಸ್ತ್ರಿ ಹಡಗಿನತ್ತ ತಿರುಗಿ ನೋಡಿದ. ಆಮೇಲೆ, “ಎತ್ತು ತಾಯಿ. ಹೊಣೆ ನನ್ನ ಮೇಲೆ ಹಾಕು” ಎಂದ.

ಅಷ್ಟರಲ್ಲಿ ನೌಕಾಪಡೆಯ ದೋಣಿಯಿಂದ ಹಾರಿ ಬಂದ ನಾವಿಕನೊಬ್ಬ ಮೇಸ್ತ್ರಿಯ ಕೈಯಿಂದ ವಾಕಿಟಾಕಿ ಕಿತ್ತುಕೊಂಡು, ಅವಳು ದಕ್ಕೆಗೆ ಇಳಿಸಿದ ಪಂಜರದೊಳಗೆ ನುಗ್ಗಿದ. ಅವಳು ಅವನನ್ನು ಹೊಗೆಯ ಮೇಲಿಂದ ತೇಲಿಸಿಕೊಂಡು ಹೋಗಿ ಹಡಗಿನ ಮೇಲಿಳಿಸಿದಳು. ಹೊಗೆ ಇಬ್ಬರ ನಡುವೆ ಕಂಬಳಿಯ ಹಾಗೆ ಮುಚ್ಚಿಕೊಂಡಿತು. ಆಮೇಲೆ ಅವಳಿಗೆ ಇದ್ದದ್ದು ಅವನ ದನಿಯೊಂದೇ.

“ಅಕ್ಕಾ, ಇನ್ನೊಂದು ಮೊಳ ಕೆಳಗೆ… ಸಾಕು! ಮಕ್ಕಳು ಹತ್ತಿದಾರೆ. ಎತ್ತಿ!”

ಗಾಳಿಗೆ ಪಂಜರ ಜೋಲಿ ಹೊಡೆಯಿತು. ಅದು ಎತ್ತ ಜೀಕಿತೋ ಅತ್ತಲೇ ಅವಳು ಕ್ರೇನಿನ ತೋಳನ್ನೂ ಮೆಲ್ಲಗೆ ಸರಿಸಿ, ತೊಟ್ಟಿಲು ನಿಲ್ಲಿಸಿದಂತೆ ನಿಲ್ಲಿಸಿದಳು. ದಕ್ಕೆಯ ಮೇಲೆ ಇಳಿಸಿದಳು, ಮತ್ತೆ ಹೋದಳು. ಹೀಗೆ ಎಷ್ಟು ಸಲವೋ ಅವಳಿಗೇ ಲೆಕ್ಕ ತಪ್ಪಿತು. ನಡುವೆ ಒಮ್ಮೆ ಕೆಲಸ ನಿಂತಿತು.

“ಅಕ್ಕಾ, ಇಲ್ಲೊಬ್ಬರು ಅಜ್ಜ ಹತ್ತಲ್ಲ ಅಂತಿದಾರೆ. ಓಡಿಸೋರು ಯಾರು ಅಂತ ಗೊತ್ತಾಗ್ಬೇಕಂತೆ.”

“ದಿನಾ ಗಾಜಿನ ಸಾಮಾನು ಇಳಿಸೋಳು ಅಂತ ಹೇಳಪ್ಪ. ಇವತ್ತಿನವರೆಗೂ ಒಂದು ಲೋಟ ಒಡೆದಿಲ್ಲ.”

ಆ ಬೆಂಕಿಯ ನಡುವೆಯೂ ಆ ಕಡೆ ಯಾರೋ ನಕ್ಕದ್ದು ಕೇಳಿಸಿತು. ಅಜ್ಜ ಹತ್ತಿದ.

ಕೊನೆಕೊನೆಗೆ ಝಳಕ್ಕೆ ಕ್ಯಾಬಿನ್ನಿನ ಗಾಜು ಚಟ್ಟೆಂದು ಸೀಳಿತು. ಹಿಡಿಕೆ ಕಾದು ಅಂಗೈ ಸುಡುತ್ತಿತ್ತು. ಕೆಳಗಿನಿಂದ ಮೇಸ್ತ್ರಿ, “ಸಾಕು, ಇಳಿದು ಬಾರೇ!” ಎಂದು ಗಂಟಲು ಹರಿಯುವಂತೆ ಕೂಗುತ್ತಿದ್ದ. ಅವಳು ಕದಲಲಿಲ್ಲ, ಆ ದನಿಯ ಹುಡುಗ ಇನ್ನೂ ಅಲ್ಲೇ ಇದ್ದ. ಕೊನೆಯ ಸಲ ಪಂಜರದಲ್ಲಿ ಹಡಗಿನ ಕಪ್ತಾನನೂ ಅವನೂ ಬಂದರು. ಹಿಂದೆ ಒಬ್ಬರೂ ಉಳಿದಿರಲಿಲ್ಲ.

ಅವಳು ಏಣಿ ಇಳಿಯುವಷ್ಟರಲ್ಲಿ ನಾವಿಕ ತನ್ನ ದೋಣಿಗೆ ಮರಳಿಬಿಟ್ಟಿದ್ದ; ಬುಡದಲ್ಲಿ ಅಮ್ಮ ನಿಂತಿದ್ದಳು. ಸುದ್ದಿ ಕೇಳಿ ಚಪ್ಪಲಿ ಮೆಟ್ಟುವುದನ್ನೂ ಮರೆತು ಓಡಿ ಬಂದಿದ್ದಳು. ಮಗಳ ಬೊಬ್ಬೆ ಎದ್ದ ಅಂಗೈಗಳನ್ನು ತಿರುಗಿಸಿ ನೋಡಿ, “ಅಷ್ಟೆತ್ತರ ದಿನಾ ಹತ್ತುತ್ತೀಯಾ?” ಎಂದಷ್ಟೇ ಕೇಳಿದಳು.

ಕೆಲಸವೇನೂ ಹೋಗಲಿಲ್ಲ. ವಿಪತ್ತಿನಲ್ಲಿ ಜನರ ಜೀವ ಉಳಿಸಿದ ಸೈನಿಕರಿಗೂ ನಾಗರಿಕರಿಗೂ ಸರ್ಕಾರ ಕೊಡುವ ಮಾನವಸೇವಾ ಪದಕಕ್ಕೆ ನೌಕಾಪಡೆಯೇ ಅವಳ ಹೆಸರನ್ನು ಕಳಿಸಿತು. ಗಂಡ ಅವಳ ನೀಲಿ ಕೆಲಸದ ಕೋಟನ್ನು ಒಗೆದು, ಇಸ್ತ್ರಿ ಮಾಡಿ, ಪದಕದ ಭಾರಕ್ಕೆ ಬಟ್ಟೆ ಜೋಲಬಾರದೆಂದು ಎದೆಯ ಹತ್ತಿರ ಒಳಗಿಂದ ದಪ್ಪ ಪಟ್ಟಿ ಕೊಟ್ಟು ಹೊಲಿದ. ಸಮಾರಂಭದ ಸಭಾಂಗಣದಲ್ಲಿ ಸಮವಸ್ತ್ರದವರ ಸಾಲಿನಲ್ಲೇ ಅವಳಿಗೂ ಕುರ್ಚಿ. ಪಕ್ಕದಲ್ಲಿ ಕೂತಿದ್ದ ಸಣಕಲು ನಾವಿಕನಿಗೆ, “ಇಲ್ಲಿ ಯಾರಾದರೂ ಕೂರ್ತಾರಾ?” ಎಂದು ಕೇಳಿದಳು. ಅವನು ತಟ್ಟನೆ ಎದ್ದು ನಿಂತ.

“ಅಕ್ಕಾ! ಈ ದನಿ ಎಲ್ಲಿ ಕೇಳಿದರೂ ಗುರುತು ಹಿಡೀತೀನಿ!”

“ನೀನಾ?” ಎಂದು ಅವಳು ಬಾಯಿ ತೆರೆದಳು. “ಆಳು ಇಷ್ಟು ಸಣ್ಣ, ಗಂಟಲು ಅಷ್ಟು ದೊಡ್ಡದು!”

ಇಬ್ಬರನ್ನೂ ಒಟ್ಟಿಗೇ ಕರೆದರು. ಅವನಿಗೂ ಅವಳಿಗೂ ಒಂದೇ ಪದಕ, ಒಂದೇ ಬಣ್ಣದ ಪಟ್ಟಿ. ಸೇನಾಧಿಕಾರಿ ಪದಕ ಚುಚ್ಚಿ, ಒಂದು ಹೆಜ್ಜೆ ಹಿಂದೆ ಸರಿದು, ಅವಳಿಗೆ ಸೆಲ್ಯೂಟ್ ಹೊಡೆದ. ಹಿಂದಿನ ಸಾಲುಗಳಲ್ಲಿ ಕೂತಿದ್ದ ಹಡಗಿನ ಪ್ರಯಾಣಿಕರು ಯಾರೂ ಹೇಳದೆ ಎದ್ದು ನಿಂತರು. ಚಪ್ಪಾಳೆಯ ನಡುವೆ ಅಮ್ಮ ಪಕ್ಕದಲ್ಲಿದ್ದ ಅಧಿಕಾರಿಯ ಹೆಂಡತಿಯ ತೋಳು ಜಗ್ಗಿ, “ನನ್ನ ಮಗಳು. ಕ್ರೇನ್ ಓಡಿಸ್ತಾಳೆ, ಕ್ರೇನು!” ಎಂದು ಕೂಗಿ ಹೇಳುತ್ತಿದ್ದಳು.

ಮಾರನೆಯ ಬೆಳಗ್ಗೆ ಅವಳು ಎಂದಿನಂತೆ ಏಣಿ ಹತ್ತಿದಳು. ಅರ್ಧ ಹತ್ತಿದ್ದಳು, ಬಂದರಿನಲ್ಲಿ ನಿಂತಿದ್ದ ಹಡಗೊಂದು ಸೈರನ್ ಊದಿತು. ಅದರ ಹಿಂದೆ ಇನ್ನೊಂದು, ಮತ್ತೊಂದು; ಕೊನೆಗೆ ಸಣ್ಣ ಮೀನಿನ ದೋಣಿಗಳೂ ಬಿಡಲಿಲ್ಲ. ಅವಳು ಕ್ಯಾಬಿನ್ನಿನಲ್ಲಿ ಕೂತು ಕಣ್ಣು ಒರೆಸಿಕೊಂಡಳು, ಕೆಳಗಿದ್ದವರಿಗೆ ಕೈ ಬೀಸಿದಳು, ಆ ದಿನದ ಮೊದಲ ಸರಕನ್ನು ಎತ್ತಿದಳು.