ಕ್ಯಾರಿಸ್ ಎಂಬ ಸೋದರತ್ತೆ

ಲಿಫ್ಟಿನಲ್ಲಿ ನಾಲ್ಕರ ಗುಂಡಿಯೇ ಇರಲಿಲ್ಲ. ಮೂರಾದ ಮೇಲೆ '3ಎ', ಆಮೇಲೆ ನೇರ ಐದು. ಇಲ್ಲಿನ ಚೀನೀಯರಿಗೆ ನಾಲ್ಕೆಂದರೆ ಸಾವಿನ ಅಂಕಿಯಂತೆ. ಐದು ತಿಂಗಳ ಬಸುರಿ ನಾನು ತುಮಕೂರಿನಿಂದ ಬಂದು ಕೌಲಾಲಂಪುರದಲ್ಲಿ ಸಂಸಾರ ಹೂಡಿದ್ದು ಆ 3ಎಯಲ್ಲಿ, ಲೆಕ್ಕದಲ್ಲೇ ಇಲ್ಲದ ಮಹಡಿಯಲ್ಲಿ! "ಇದೇನ್ರೀ, ಮನೆ ಇದೆಯೋ ಇಲ್ಲವೋ?" ಎಂದು ನಕ್ಕಿದ್ದೆ. ಆ ನಗು ಬಹಳ ದಿನ ಬಾಳಲಿಲ್ಲ.

ಪೆಟ್ಟಿಗೆ ಬಿಚ್ಚಿ ಮುಗಿಸುವಷ್ಟರಲ್ಲಿ ಎಂಸಿಒ ಬಂತು. ಲಾಕ್‌ಡೌನಿಗೆ ಇಲ್ಲಿನವರು ಕೊಟ್ಟ ಹೆಸರು ಅದು. ನಮ್ಮೆಜಮಾನ್ರು ಕ್ಲಾಂಗ್ ಬಂದರಿನಲ್ಲಿ ಕಂಟೇನರ್ ಸಾಗಣೆ ನೋಡಿಕೊಳ್ಳುವವರು. "ಹಡಗು ನಿಲ್ಲಲ್ಲ ಕಣೇ" ಎಂದು ಬೆಳಿಗ್ಗೆ ಹೋದರೆ ಬರುತ್ತಿದ್ದುದು ಕತ್ತಲಾದ ಮೇಲೆ. ಕೈಯಲ್ಲಿ ಮಾಮಕ್ ಎಂಬ ತಮಿಳು ಮುಸ್ಲಿಮರ ಹೋಟೆಲಿನಿಂದ ತಪಾವ್ ಮಾಡಿಸಿದ, ಅಂದರೆ ಪಾರ್ಸೆಲ್ ಕಟ್ಟಿಸಿದ ರೊಟ್ಟಿ, ತಣ್ಣಗಾದ ಬೇಳೆಸಾರು. ತುಮಕೂರಿನಲ್ಲಿ ಮನಸಾರೆ ಅಳಬೇಕೆಂದರೂ ಪುರುಸೊತ್ತಿಲ್ಲ, ಪಕ್ಕದ ಮನೆಯವರು ಕಿಟಕಿಯಲ್ಲಿ ಇಣುಕಿ "ಏನಾಯ್ತಮ್ಮಾ?" ಅಂದುಬಿಡುತ್ತಾರೆ. ಇಲ್ಲಿ ಎಷ್ಟು ಬೇಕಾದರೂ ಅಳಬಹುದಿತ್ತು. ಅತ್ತಿದ್ದೂ ಇದೆ.

ಬಾಣಂತನಕ್ಕೆ ಅಮ್ಮ ಬರುವುದಿತ್ತು. ವಿಮಾನವೇ ಇಲ್ಲ ಎಂದ ಮೇಲೆ ಅಮ್ಮನೇನು ಹಾರಿ ಬರುತ್ತಾರಾ? ಹೆರಿಗೆಯಾದ ಮೇಲೆ ಮಗುವಿಗೆ ಎಣ್ಣೆ ಹಚ್ಚುವುದನ್ನು, ಕಾಲ ಮೇಲೆ ಮಲಗಿಸಿ ನೀರು ಹಾಕುವುದನ್ನು ಫೋನಿನಲ್ಲಿ ಅಮ್ಮ ಹೇಳಿದಂತೆ ಕಲಿತೆ. ಕೈ ಜಾರಿದರೆ ಎಂಬ ಭಯಕ್ಕೆ ಮಗುವಿಗಿಂತ ಜೋರಾಗಿ ನಾನೇ ಅತ್ತಿದ್ದೇನೆ. ಆ ಒಂಟಿತನ ನನ್ನ ಶತ್ರುವಿಗೂ ಬೇಡ.

ಇಷ್ಟರ ನಡುವೆ ಮಗುವಿಗೆ ಹೆಸರಿಲ್ಲ. ಸರ್ಕಾರದ ದಾಖಲೆಗೇನೋ ವಸುಧಾ ಎಂದು ಬರೆಸಿದ್ದೆವು. ಆದರೆ ನಮ್ಮ ಮನೆತನದಲ್ಲಿ ಮಗುವಿನ ಕಿವಿಯಲ್ಲಿ ಹೆಸರು ಉಸುರುವ ಹಕ್ಕು ಸೋದರತ್ತೆಯದು. ನಮ್ಮೆಜಮಾನ್ರಿಗೆ ಇರುವವರು ಒಬ್ಬರೇ ಅಕ್ಕ, ಸರೋಜತ್ತಿಗೆ. "ನಾನು ಬರೋವರೆಗೂ ಆ ಹೆಸರು ಯಾರ ಬಾಯಲ್ಲೂ ಬರಕೂಡದು. ಇರೋಳೊಬ್ಬಳು ಅತ್ತೆ, ನನ್ನ ಬಿಟ್ಟು ತೊಟ್ಟಿಲಿಗೆ ಹಾಕ್ತೀರಾ?" ಎಂದು ತುಮಕೂರಿನಿಂದಲೇ ಕಟ್ಟಪ್ಪಣೆ ಮಾಡಿದರು. ಮುಂದಿನ ತಿಂಗಳು, ಮುಂದಿನ ತಿಂಗಳು ಎಂದು ತಳ್ಳುತ್ತಾ ಮಗು ಬರೀ 'ಪುಟ್ಟಿ'ಯಾಗೇ ಉಳಿಯಿತು.

ಎದುರು ಮನೆಯಲ್ಲಿದ್ದವರು ಕ್ಯಾರಿಸ್. ಬ್ರಿಟನ್ನಿನ ವೇಲ್ಸ್ ಎಂಬ ನಾಡಿನವರು, ಅರವತ್ತು ದಾಟಿದವರು, ಇಂಟರ್‌ನ್ಯಾಷನಲ್ ಶಾಲೆಯಲ್ಲಿ ಸಂಗೀತದ ಟೀಚರು. ಈ ಊರಿನಲ್ಲಿ ಒಂಟಿ ಜೀವ. ಇಬ್ಬರೂ ಅವರವರ ಹೊಸ್ತಿಲಲ್ಲಿ ಕುರ್ಚಿ ಹಾಕಿಕೊಂಡು, ಮಾಸ್ಕ್ ಹಾಕಿಕೊಂಡು ಮಾತಾಡುತ್ತಿದ್ದೆವು. ನಿರ್ಬಂಧ ಸಡಿಲವಾದ ಮೇಲೆ ಅವರು ಬಂದು ಮಗುವನ್ನು ಎತ್ತಿಕೊಂಡರು. ಅವತ್ತು ನಾನು ನಿಶ್ಚಿಂತೆಯಿಂದ ತಲೆಗೆ ನೀರು ಹಾಕಿಕೊಂಡೆ. ಹೊರಗೆ ಬಂದರೆ ಅವರು ಮಗುವಿಗೆ "ಕಾರಿಯಾದ್, ಕಾರಿಯಾದ್" ಎನ್ನುತ್ತಿದ್ದಾರೆ. ನಾವು ಚಿನ್ನ, ಬಂಗಾರ ಅನ್ನುವುದಿಲ್ಲವೇ, ಹಾಗೆ.

"ನನ್ನ ಹೆಸರೂ ಅದೇ ಬೇರಿನದು. ಪ್ರೀತಿ ಅಂತ" ಎಂದರು. "ಹಳೇ ಹೆಸರೇನಲ್ಲ. ನಮ್ಮಜ್ಜಿ ಕಾಲದಲ್ಲಿ ಮೇರಿ, ಮಾರ್ಗರೆಟ್ ಅಂತ ಇಂಗ್ಲಿಷ್ ಹೆಸರುಗಳೇ. ಆಮೇಲೆ ನಮ್ಮ ಭಾಷೆಯದೇ ಬೇಕು ಅಂತ ಜನ ಹಟ ಹಿಡಿದರು. ನನ್ನ ಕ್ಲಾಸಲ್ಲೇ ಮೂವರು ಕ್ಯಾರಿಸ್! ಈಗಂತೂ ವೆಲ್ಷ್ ಭಾಷೆಯ ಗಂಧಗಾಳಿ ಇಲ್ಲದವರೂ ಇಡ್ತಾರೆ."

"ನಮ್ಮ ಕ್ಲಾಸಲ್ಲಿ ನಾಲ್ಕು ಜನ ಮಂಜುಳಾ ಇದ್ವಿ. ನಾನು ಮೂರನೆಯವಳು" ಎಂದೆ. ಎಷ್ಟೋ ತಿಂಗಳ ಮೇಲೆ ನಾವಿಬ್ಬರೂ ಹೊಟ್ಟೆತುಂಬ ನಕ್ಕೆವು.

ಆಮೇಲೆ ಅವರು ಫೋನಿನಲ್ಲಿ ಒಂದು ಫೋಟೋ ತೋರಿಸಿದರು. ಮಗಳ ಮಗು, ಈ ಕೋವಿಡ್ ಕಾಲದಲ್ಲೇ ಹುಟ್ಟಿದ್ದು, ಅಜ್ಜಿಯ ಹೆಸರನ್ನೇ ಇಟ್ಟಿದ್ದಾರೆ. "ಇನ್ನೂ ಒಂದು ಸಲವೂ ಎತ್ತಿಕೊಂಡಿಲ್ಲ" ಎಂದು ನನ್ನ ಮಗುವಿನ ನೆತ್ತಿ ಮೂಸಿದರು.

ಶಾಲೆಯ ಕೆಲಸ ಮುಗಿದು, ಹೇಗೋ ವಿಮಾನದಲ್ಲಿ ಸೀಟು ಸಿಕ್ಕಿ, ಅವರು ಹೊರಡುವ ದಿನ ಗೊತ್ತಾಯಿತು. ಇವರೂ ಹೋದರೆ ಈ ಊರಿನಲ್ಲಿ ನನ್ನ ಮಗುವನ್ನು ಹೆಸರಿಟ್ಟು ಕರೆಯುವವರು ಯಾರು? ಅತ್ತಿಗೆಗೆ ಫೋನ್ ಮಾಡಿದೆ.

"ಅತ್ತಿಗೆ, ಮಗು ತೆವಳ್ತಿದೆ. ಇನ್ನೂ ತಡ ಮಾಡಿದ್ರೆ ತಾನೇ ಒಂದು ಹೆಸರಿಟ್ಕೊಳ್ಳುತ್ತೆ. ಎದುರು ಮನೆಯವರ ಕೈಲಿ ಹೇಳಿಸ್ತೀನಿ."

"ಯಾರೇ ಅವಳು? ನಿನಗೇನು ಮಾಡಿದ್ದಾಳೆ?"

ಎಲ್ಲ ಹೇಳಿದೆ. ನಾನು ನಿಶ್ಚಿಂತೆಯಿಂದ ತಲೆಗೆ ನೀರು ಹಾಕಿಕೊಂಡ ದಿನ, ಮಗುವಿಗೆ ಜ್ವರ ಬಂದಾಗ ನನ್ನ ಜೊತೆ ಕೂತದ್ದು, ಬಾಗಿಲಿಗೆ ತಂದಿಟ್ಟ ಸೂಪು. ಬೈಯುತ್ತಾರೆಂದು ಕಾದೆ. ಆ ಕಡೆಯಿಂದ ಮೂಗು ಸೀಟಿದ ಸದ್ದು ಕೇಳಿಸಿತು.

"ನಾನು ಮಾಡಬೇಕಾದ್ದನ್ನ ಅವಳು ಮಾಡಿದ್ದಾಳೆ. ಸೋದರತ್ತೆ ಜಾಗದಲ್ಲಿ ಅವಳೇ ಕೂರಲಿ ಬಿಡು. ಹೇಗೂ ನಾವು ಮೂರು ನಾಕು ಹೆಸರು ಹೇಳ್ತೀವಲ್ಲ, ಅವಳದ್ದೂ ಒಂದು ಸೇರಿಸು."

ತೊಟ್ಟಿಲಿರಲಿಲ್ಲ. ಬಟ್ಟೆ ಒಗೆಯಲು ಹಾಕುವ ಬುಟ್ಟಿಗೆ ನನ್ನ ಧಾರೆ ಸೀರೆ ಹಾಸಿದೆ. ಕ್ಯಾರಿಸ್ ಬಗ್ಗಿ ನಮ್ಮ ಮನೆದೇವರ ಹೆಸರನ್ನು ನಾಲಗೆ ಹೊರಳಿದಂತೆ ಹೇಳಿದರು. "ವಸುಧಾ" ಎಂದು ಮೂರು ಸಲ ಉಸುರಿದರು. ಕೊನೆಯದು ಅವರದೇ ಹೆಸರು, ಅಲ್ಲಿಗೆ ಬಂದು ತಲೆ ಎತ್ತಿ ನನ್ನನ್ನು ನೋಡಿದರು.

"ಹೇಳಿ" ಎಂದೆ.

"ಅಲ್ಲಿರೋ ನನ್ನ ಮೊಮ್ಮಗಳನ್ನೇ ಎದುರು ಕೂತು ಈ ಹೆಸರಲ್ಲಿ ಕರೆದಿಲ್ಲ" ಎಂದು ಬಿಕ್ಕಿದರು. ಆಮೇಲೆ ಕಣ್ಣೊರೆಸಿಕೊಂಡು ನನ್ನ ಮಗುವಿನ ಕಿವಿಯಲ್ಲಿ ತಮ್ಮ ಹೆಸರು ಹೇಳಿದರು.

ಅವರು ಹೋದ ವಾರವೆಲ್ಲ ಎದುರು ಬಾಗಿಲ ಕಡೆ ನೋಡಲು ಆಗಲಿಲ್ಲ. ಬೇರೆಯವರು ಬಂದು ಸೇರಿದರು, ಬಾಗಿಲು ಹಾಕಿಕೊಂಡರು. ಫೋನಿನಲ್ಲಿ ಮಾತ್ರ ಇಬ್ಬರು ಅತ್ತೆಯರೂ ಬರುತ್ತಿದ್ದರು, ಒಬ್ಬರು ವೇಲ್ಸ್‌ನಿಂದ, ಒಬ್ಬರು ತುಮಕೂರಿನಿಂದ. ಮಗು ಇಬ್ಬರಿಗೂ 'ಅತ್ತೆ' ಎನ್ನುವುದನ್ನೇ ಕಲಿಯಿತು.

ಗಡಿ ತೆರೆದ ಮೇಲೆ ಸರೋಜತ್ತಿಗೆ ಬಂದರು. ಬಂದವರೇ ಕೈಕಾಲು ತೊಳೆದು ಮಗುವನ್ನು ತೊಡೆಗೆ ಎಳೆದುಕೊಂಡು "ವಸುಧಾ" ಎಂದರು. ಅದು ಇಲ್ಲಿನವರ ಇಂಗ್ಲಿಷಿನಂತೆ ಬಾಲ ಹಚ್ಚಿ "ಎಸ್ ಲಾ" ಎಂದಿತು. ಇದ್ದಷ್ಟು ದಿನ ಒಂದೇ ಮಾತು: "ಊರಿಗೆ ಬಂದುಬಿಡ್ರೇ, ಮಗೂಗೆ ನಮ್ಮೋರು ಅಂತ ಬೇಡ್ವಾ?" ಬೇಕು ಎಂದೆ. ನಿಜವಾಗಿಯೂ ಬೇಕಿತ್ತು.

ಅತ್ತಿಗೆಯನ್ನು ವಿಮಾನ ಹತ್ತಿಸಿ ಮನೆಗೆ ಬಂದಾಗ, ನಾನು ಬೀಗ ತೆಗೆಯುವಷ್ಟರಲ್ಲಿ ಮಗು ಓಡಿಹೋಗಿ ಎದುರು ಬಾಗಿಲು ಬಡಿಯಿತು. "ಅತ್ತೆ! ಅತ್ತೆ!" ಎಂದು ಕೂಗಿತು. ಯಾವ ಅತ್ತೆಯನ್ನು ಎಂದು ಕೇಳುವ ಧೈರ್ಯ ನನಗಾಗಲಿಲ್ಲ. ಇಬ್ಬರೂ ಇಲ್ಲಿರಲಿಲ್ಲ.